ಯಾರ ಕೋಳಿಕಾಲು

ಕೋಳಿಕಾಲು ಸೊಪ್ಪು ಅನ್ನುವುದು ಲೋಕದಲ್ಲಿ ಒಂದೇ ಒಂದು, ಅದು ತಾನು ಮಾರುವುದು, ಮಿಕ್ಕಿದ್ದೆಲ್ಲ ಮೇಕೆಯೂ ಮೂಸದ ಕಳೆ ಎಂಬುದು ಹಿರೀಸೊಸೆಯ ಕಡಾಖಂಡಿತ ಅಭಿಪ್ರಾಯ. ಕೇಳಿದವರಿಗೂ ಹೇಳುತ್ತಿದ್ದಳು, ಕೇಳದವರನ್ನು ಕರೆದು ನಿಲ್ಲಿಸಿಕೊಂಡು ಹೇಳುತ್ತಿದ್ದಳು. ಅವಳಿಗೆ ಐವತ್ತು ದಾಟಿತ್ತು. ಅತ್ತೆ ಕಣ್ಮುಚ್ಚಿ ಎಷ್ಟೋ ಕಾಲವಾಗಿತ್ತು, ಗಂಡನೂ ಹೋಗಿಯಾಗಿತ್ತು, ಆದರೂ ಮಾರ್ಕೆಟ್ಟಿನವರ ಬಾಯಲ್ಲಿ ಅವಳು ಹಿರೀಸೊಸೆಯೇ. ಯಾಕೆಂದರೆ ಅದೇ ರಸ್ತೆ ಬದಿಯಲ್ಲಿ, ಕೂಗಿದರೆ ಕೇಳಿಸುವಷ್ಟು ದೂರದಲ್ಲಿ, ಕಿರೀಸೊಸೆಯೂ ಕೂರುತ್ತಿದ್ದಳು. ಮೈದುನನ ಹೆಂಡತಿ. ವಾರಗಿತ್ತಿ. ಅವಳು ಮಾರುತ್ತಿದ್ದದ್ದೂ ಕೋಳಿಕಾಲು ಸೊಪ್ಪೇ.

ಎರಡೂ ಕಾಡುಸೊಪ್ಪು. ಯಾರೂ ಬಿತ್ತುವುದಿಲ್ಲ, ಯಾರೂ ನೀರು ಹಾಕುವುದಿಲ್ಲ. ಅಷ್ಟು ಬಿಟ್ಟರೆ ಒಂದಕ್ಕೂ ಇನ್ನೊಂದಕ್ಕೂ ನಂಟೇ ಇಲ್ಲ. ಹಿರಿಯಳದು ಇಟ್ಟಿಗೆ ಗೂಡುಗಳ ಹಿಂದಿನ ಒಣ ದಿಬ್ಬದಲ್ಲಿ ಕಲ್ಲಿನ ಸಂದಿಯಿಂದ ಏಳುವ ಗಿಡ. ಎಲೆ ಮೂರಾಗಿ ಸೀಳಿ, ಕೋಳಿ ಕೆಸರಿನಲ್ಲಿ ಕಾಲಿಟ್ಟು ಹೋದ ಗುರುತಿನ ಹಾಗೆ. ತಿಂದರೆ ಸಣ್ಣ ಕಹಿ. ಕಿರಿಯಳದು ಕೆರೆಯಂಚಿನ ತೇವದಲ್ಲಿ ಹಬ್ಬುವ ಬಳ್ಳಿ. ಎಲೆ ದುಂಡಗೆ, ದಪ್ಪಗೆ, ಕಾಯಿ ಮಾತ್ರ ಕೋಳಿಯ ಉಗುರಿನಂತೆ ಬಾಗಿದ್ದು. ತಿಂದರೆ ಹುಳಿ. ಹಿರಿಯಳ ತವರಿನವರು ಅದನ್ನು ಕೋಳಿಕಾಲು ಅಂದರು, ಕಿರಿಯಳ ತವರಿನವರು ಇದನ್ನು ಕೋಳಿಕಾಲು ಅಂದರು. ಇಬ್ಬರೂ ಒಂದೇ ಮನೆಗೆ ಸೊಸೆಯಾಗಿ ಬಂದರು. ಅಲ್ಲಿಗೆ ಶುರುವಾಯಿತು.

ಕಿರಿಯಳು ಮದುವೆಯಾಗಿ ಬಂದ ಹೊಸತರಲ್ಲಿ, ಅಡುಗೆಮನೆಯಲ್ಲಿ ಸೊಪ್ಪು ಬಿಡಿಸುತ್ತಾ, “ನಮ್ಮಲ್ಲಿ ಕೋಳಿಕಾಲು ಅಂದ್ರೆ ಬೇರೆ ಅಕ್ಕ” ಅಂದಿದ್ದಳು. ಅಷ್ಟೇ ಅಂದದ್ದು.

“ನಿಮ್ಮಲ್ಲಿ ಕೋಳಿಗೆ ಕಾಲೂ ಬೇರೆ ಥರ ಇರುತ್ತೇನೋ” ಅಂದಳು ಹಿರಿಯಳು.

ಅತ್ತೆ ನಕ್ಕರು, ಗಂಡಂದಿರು ನಕ್ಕರು, ಕಿರಿಯಳೂ ನಕ್ಕಳು. ಅವಳು ನಕ್ಕದ್ದು ಹಿರಿಯಳಿಗೆ ಹಿಡಿಸಲಿಲ್ಲ. ಚುಚ್ಚಿದರೆ ಅಳಬೇಕು, ಇಲ್ಲವೇ ತಿರುಗಿ ಚುಚ್ಚಬೇಕು. ನಗುವುದು ಎಂಥ ಮಾನಗೇಡು? ಅಂದಿನಿಂದ ವಾರಗಿತ್ತಿ ಅಂದರೆ ಅವಳ ಪಾಲಿಗೆ ಉಪ್ಪು ಖಾರವಿಲ್ಲದ ಹೆಂಗಸು, ಬಾಯಲ್ಲಿ ಬೆರಳಿಟ್ಟರೂ ಕಚ್ಚಲು ಬಾರದ ದಡ್ಡಿ. ಆ ದಡ್ಡಿಯ ಸೊಪ್ಪನ್ನು ಇಷ್ಟು ವರ್ಷಗಳಲ್ಲಿ ಅವಳು ಒಮ್ಮೆಯೂ ನಾಲಿಗೆಗೆ ಮುಟ್ಟಿಸಿರಲಿಲ್ಲ. ಅದರ ಬಗ್ಗೆ ಮಾತಾಡಲು ಅದನ್ನು ತಿಂದು ನೋಡಬೇಕೆಂದು ಅವಳಿಗೆ ಅನ್ನಿಸಿರಲೂ ಇಲ್ಲ.

ಅತ್ತೆ ಹೋದ ಮೇಲೆ ಮನೆ ಎರಡಾಯಿತು, ಒಲೆ ಎರಡಾಯಿತು, ಹೆಸರು ಮಾತ್ರ ಪಾಲಾಗಲಿಲ್ಲ. ಇಬ್ಬರೂ ಬುಟ್ಟಿ ಹೊತ್ತು ಬಂದು ಅದೇ ರಸ್ತೆ ಬದಿಯಲ್ಲಿ ಕೂತು, ಅದೇ ಹೆಸರು ಕೂಗಿದರು. ಗಿರಾಕಿಗಳು ಇವಳಲ್ಲಿ ಒಂದು ದಿನ, ಅವಳಲ್ಲಿ ಒಂದು ದಿನ. ಮೂರು ಬೆರಳಿನ ಎಲೆಗೂ ದುಂಡನೆಯ ಎಲೆಗೂ ವ್ಯತ್ಯಾಸ ಕಾಣದ ಕುರುಡು ಜನ! ಇಂಥವರ ಹೊಟ್ಟೆಗೆ ಏನು ಹಾಕಿದರೇನು ಎಂದು ಹಿರೀಸೊಸೆ ಎಲೆಯಡಿಕೆ ಉಗಿದಂತೆ ಮಾತು ಉಗಿಯುತ್ತಿದ್ದಳು, ಉಗಿಯುತ್ತಲೇ ಕಟ್ಟು ಕಟ್ಟಿ ಕೊಡುತ್ತಿದ್ದಳು.

ಹೀಗೇ ನಡೆದುಕೊಂಡು ಹೋಗುತ್ತಿತ್ತು. ಅಷ್ಟರಲ್ಲಿ ಹಳೇ ಮಾರ್ಕೆಟ್ ಒಡೆದು ಹೊಸ ಕಟ್ಟಡ ಎಬ್ಬಿಸಿದರು. ತಗಡಿನ ಮಾಡು, ಸಿಮೆಂಟಿನ ಕಟ್ಟೆಗಳು, ಸಾಲಿಗೊಂದು ನಲ್ಲಿ, ಪ್ರತಿ ಕಟ್ಟೆಯ ನೆತ್ತಿಯ ಮೇಲೂ ಬಣ್ಣದಲ್ಲಿ ಬರೆದ ಬೋರ್ಡು. ಇನ್ನು ಮೇಲೆ ಅಲ್ಲಿ ರಸ್ತೆ ಬದಿಯಲ್ಲಿ ಕೂರುವಂತಿಲ್ಲ. ಕೂತರೆ ಬುಟ್ಟಿ ಎತ್ತಿ ಲಾರಿಗೆ ಎಸೆಯುತ್ತಾರೆ. ಕಾಡುಸೊಪ್ಪಿನವರಿಗೆ ಮೂಲೆಯ ಚಿಕ್ಕ ಸಾಲು ಸಿಕ್ಕಿತು. ಜಾಗ ಕಡಿಮೆ ಅಂತ ಮಾರ್ಕೆಟ್ಟಿನ ಮೇಲ್ವಿಚಾರಕ ಒಂದು ನಿಯಮ ಹೊರಡಿಸಿದ: ಒಂದು ಹೆಸರಿನ ಸೊಪ್ಪಿಗೆ ಒಂದೇ ಕಟ್ಟೆ.

ಮೇಲ್ವಿಚಾರಕನ ವಿಷಯ ಏನು ಹೇಳುವುದು! ತಟ್ಟೆಗೆ ಬಿದ್ದದ್ದು ಹಸಿರಾಗಿದ್ದರೆ ಸೊಪ್ಪು, ಹಸಿರಾಗಿಲ್ಲದಿದ್ದರೆ ಸೊಪ್ಪಲ್ಲ, ಅಲ್ಲಿಗೆ ಮುಗಿಯಿತು ಅವನ ತಿಳಿವಳಿಕೆ. ಬೋರ್ಡು ಬರೆಸಿ ಬರೆಸಿ ಅವನಿಗೆ ಹೆಸರೇ ವಸ್ತು ಎನ್ನುವಷ್ಟು ಅಭ್ಯಾಸವಾಗಿಬಿಟ್ಟಿತ್ತು. ಇಂಥ ಪುಣ್ಯಾತ್ಮನ ಮುಂದೆ ಇಬ್ಬರು ವಾರಗಿತ್ತಿಯರು ಹೋಗಿ ನಿಲ್ಲಬೇಕಾಯಿತು.

ಹಿರೀಸೊಸೆಗೆ ಆ ಕಟ್ಟೆ ಸಿಗದಿದ್ದರೆ ಗತಿಯಿಲ್ಲ. ದರ್ಜಿ ಅಂಗಡಿಯ ಹಿಂದಿನ ಒಂದೇ ಕೋಣೆಯಲ್ಲಿ ಅವಳೊಬ್ಬಳೇ ಇದ್ದಳು. ಮಕ್ಕಳಿಲ್ಲ, ಬೇರೆ ಕಸುಬಿಲ್ಲ. ಕಿರಿಯಳಿಗಾದರೋ ಗಂಡ ಇದ್ದ, ಬಸ್ ಡಿಪೋದಲ್ಲಿ ಟೈರು ಬದಲಾಯಿಸುವ ಕೆಲಸ. “ನನಗೆ ಬೇರೆ ದಿಕ್ಕಿಲ್ಲ ಕಣೇ, ನೀನು ಬಿಟ್ಕೊಡು” ಅಂದಿದ್ದರೆ ಕಿರಿಯಳು ಬಿಟ್ಟುಕೊಡುತ್ತಿದ್ದಳೋ ಏನೋ. ಆದರೆ ಆ ದಡ್ಡಿಯ ಮುಂದೆ ಹಲ್ಲು ಗಿಂಜುವುದುಂಟೇ? ಅದಕ್ಕಿಂತ ಉಪವಾಸ ಬೀಳುವುದು ಲೇಸು ಎಂದುಕೊಂಡಳು, ಉಪವಾಸ ಅಂದರೇನೆಂದು ಗೊತ್ತಿಲ್ಲದವಳ ಹಾಗೆ.

ಕಚೇರಿಯ ಮೇಜಿನ ಮೇಲೆ ಇಬ್ಬರೂ ಒಂದೊಂದು ಕಟ್ಟು ಇಟ್ಟರು. ತಮಾಷೆ ನೋಡಲು ಅರ್ಧ ಮಾರ್ಕೆಟ್ ಬಾಗಿಲಲ್ಲಿ ನೆರೆದಿತ್ತು.

“ಇದೂ ಕೋಳಿಕಾಲು, ಅದೂ ಕೋಳಿಕಾಲಾ?” ಮೇಲ್ವಿಚಾರಕ ಪೆನ್ನಿನ ತುದಿಯಿಂದ ಸೊಪ್ಪನ್ನು ತಳ್ಳಿದ, ಸತ್ತ ಇಲಿಯನ್ನು ತಳ್ಳುವವನ ಹಾಗೆ.

“ಇದೊಂದೇ ಕೋಳಿಕಾಲು,” ಅಂದಳು ಹಿರಿಯಳು. “ಎಲೆ ನೋಡಿ ಸ್ವಾಮಿ. ಮೂರು ಬೆರಳು. ಕಣ್ಣಿದ್ದೋರಿಗೆ ಕಾಣುತ್ತೆ.”

“ನಮ್ಮ ಕಡೆ ಕಾಯಿ ನೋಡಿ ಹೆಸರಿಟ್ಟಿದ್ದಾರೆ,” ಅಂದಳು ಕಿರಿಯಳು. “ಇದು ಉಗುರು. ಅಕ್ಕನ ಕಡೆ ಎಲೆ ನೋಡಿ ಇಟ್ಟಿದ್ದಾರೆ. ಇಬ್ಬರದೂ ಇರ್ಲಿ ಬಿಡಿ ಸ್ವಾಮಿ. ಒಂದೇ ಕಟ್ಟೇಲಿ ಇಬ್ಬರೂ ಕೂರ್ತೀವಿ, ಅರ್ಧರ್ಧ.”

ಮೇಲ್ವಿಚಾರಕನ ಮುಖ ಅರಳಿತು. ಬೋರ್ಡು ಒಂದೇ, ಜಗಳ ಮುಗಿಯಿತು, ಊಟಕ್ಕೆ ಹೋಗಬಹುದು. “ಆಗಬಹುದಲ್ಲ?” ಅಂದ.

ಆಗಬಹುದಿತ್ತು. ಬುದ್ಧಿ ನೆಟ್ಟಗಿದ್ದವರಿಗೆ ಖಂಡಿತ ಆಗಬಹುದಿತ್ತು. ಆದರೆ ಹಿರೀಸೊಸೆಗೆ ಮೈ ಉರಿದುಹೋಯಿತು. ಅರ್ಧ! ತನ್ನ ತವರಿನ ಹೆಸರಿನಲ್ಲಿ ಅರ್ಧವನ್ನು ಇವಳು ತನಗೆ ದಾನ ಮಾಡುತ್ತಾಳಂತೆ! ದಿನವಿಡೀ ಇವಳ ಮೊಣಕೈಗೆ ಮೊಣಕೈ ತಾಗಿಸಿಕೊಂಡು, ಇವಳ ನೀರು ಸುರಿಯುವ ಬುಟ್ಟಿಯ ಪಕ್ಕ ತನ್ನ ಬುಟ್ಟಿ ಇಟ್ಟುಕೊಂಡು ಕೂರಬೇಕಂತೆ!

“ಕೂರಬಹುದು ಸ್ವಾಮಿ,” ಅಂದಳು. “ನಾಳೆ ಅದನ್ನ ತಿಂದೋರಿಗೆ ಏನಾದ್ರೂ ಆದ್ರೆ ಮಾತ್ರ ನನ್ನ ಕೇಳಬೇಡಿ.”

“ಏನಾಗುತ್ತೆ?”

“ಹೊಟ್ಟೆನೋವು. ಮನೆಯವಳಾಗಿ ನಾನು ಹೇಳಬಾರದು. ಆದ್ರೆ ನಾಲ್ಕು ಜನದ ಹೊಟ್ಟೆ ವಿಷಯ. ಚರಂಡಿ ನೀರಲ್ಲಿ ಹಬ್ಬೋ ಬಳ್ಳಿ ಅದು. ತಿಂದು ಹಾಸಿಗೆ ಹಿಡಿದೋರನ್ನ ನಾನೇ ನೋಡಿದೀನಿ.”

ಹಸೀ ಸುಳ್ಳು. ಬಳ್ಳಿ ಬೆಳೆಯುವುದು ತಿಳಿನೀರಿನ ಕೆರೆಯಂಚಿನಲ್ಲಿ ಅಂತ ಅವಳಿಗೆ ಗೊತ್ತು. ಅದನ್ನು ತಿಂದು ಮಲಗಿದವರು ಯಾರೂ ಇಲ್ಲ ಅಂತಲೂ ಗೊತ್ತು. ಸ್ವಂತ ಮೈದುನ ವಾರಕ್ಕೆ ನಾಲ್ಕು ಸಲ ತಿಂದು ಗೂಳಿಯ ಹಾಗೆ ಓಡಾಡಿಕೊಂಡಿದ್ದ.

ಕಿರಿಯಳು ಈ ಸಲ ನಗಲಿಲ್ಲ. “ಯಾರು ಮಲಗಿದ್ರು ಅಕ್ಕ?” ಅಂದಳು.

“ಇಷ್ಟು ಜನದ ಮುಂದೆ ಹೆಸರು ಹೇಳಿ ಅವರ ಮಾನ ಕಳೀಲಾ?”

ಕಿರಿಯಳು ಮೇಜಿನ ಮೇಲಿನ ತನ್ನ ಕಟ್ಟನ್ನು ಎತ್ತಿ ಬುಟ್ಟಿಗೆ ಹಾಕಿಕೊಂಡು ಹೊರಟೇ ಹೋದಳು. ವಾದವಿಲ್ಲ, ಅಳುವಿಲ್ಲ. ‘ನೋಡಿದಿರಾ, ಬಾಯಿಲ್ಲದ ಹೆಣ’ ಅಂದುಕೊಂಡಳು ಹಿರಿಯಳು. ಮೇಲ್ವಿಚಾರಕನಿಗೆ ಯಾರ ಹೊಟ್ಟೆಯ ಚಿಂತೆಯೂ ಇರಲಿಲ್ಲ, ತನ್ನ ಕುರ್ಚಿಯ ಚಿಂತೆ ಇತ್ತು. ಕಟ್ಟೆಯನ್ನು ಅಲ್ಲೇ ಹಿರೀಸೊಸೆಗೆ ಬರೆದುಕೊಟ್ಟ.

ಬೋರ್ಡು ಬಂತು. ಹಸಿರು ಬಣ್ಣದಲ್ಲಿ ದೊಡ್ಡದಾಗಿ ‘ಕೋಳಿಕಾಲು ಸೊಪ್ಪು’. ಹಿರೀಸೊಸೆ ಅದರ ಕೆಳಗೆ ಕಟ್ಟೆ ತುಂಬ ಹರಡಿಕೊಂಡು ಕೂತಳು. ಪಕ್ಕದ ಕಟ್ಟೆಯ ಅಣಬೆಯವನಿಗೆ ಅವಳ ಬಾಯಿಯಿಂದ ಬಿಡುವಿಲ್ಲ. ಒಂದು ಹೆಸರಿಗೆ ಒಂದೇ ವಸ್ತು, ಒಂದು ವಸ್ತುವಿಗೆ ಒಬ್ಬಳೇ ಒಡತಿ, ಕಳ್ಳರಿಗೆ ಕೊನೆಗೂ ಬಾಗಿಲು ತೋರಿಸಿದ್ದಾಯಿತು ಅಂತ ಅವನ ಕಿವಿ ತೂತು ಬೀಳುವವರೆಗೆ ಕೊರೆದಳು.

ಆದರೆ ಸೊಪ್ಪು ಖರ್ಚಾಗಲಿಲ್ಲ.

ಹೊಸ ಜಾಗ, ಜನಕ್ಕೆ ಗೊತ್ತಾಗಬೇಕು ಅಂದುಕೊಂಡಳು. ಗೊತ್ತಾಯಿತು. ಜನ ಬಂದರು, ಬೋರ್ಡು ಓದಿದರು, ಮುಂದಕ್ಕೆ ಹೋದರು. ಬೆಳಿಗ್ಗೆ ನೀರು ಚಿಮುಕಿಸಿ ಜೋಡಿಸಿದ ಕಟ್ಟುಗಳು ಸಂಜೆಗೆ ಸೊರಗಿ ಕೂರುತ್ತಿದ್ದವು. ಇಸ್ತ್ರಿ ಅಂಗಡಿಯವನ ಹೆಂಡತಿ, ಎಷ್ಟೋ ವರ್ಷದ ಗಿರಾಕಿ, ಒಂದು ದಿನ ಅವಳ ಕಟ್ಟೆ ಬಳಸಿಕೊಂಡು ಆ ಕಡೆಯಿಂದ ಹೋಗುತ್ತಿದ್ದಳು. ಹಿರೀಸೊಸೆ ಅಡ್ಡಗಟ್ಟಿದಳು.

“ಏನಮ್ಮ, ಇಲ್ಲಿ ಮನುಷ್ಯರು ಕೂತಿರೋದು ಕಾಣಲ್ವಾ?”

“ಈ ಸಲ ಬೇಡಮ್ಮ,” ಅಂದಳು ಅವಳು, ಚೀಲವನ್ನು ಎದೆಗೆ ಒತ್ತಿಕೊಂಡು. “ಕೋಳಿಕಾಲು ತಿಂದ್ರೆ ಹೊಟ್ಟೆ ಹಿಡಿಯುತ್ತಂತಲ್ಲ.”

“ಯಾವ ಹಾಳಾದೋರು ಹೇಳಿದ್ದು?”

“ಎಲ್ಲಾರೂ ಹೇಳ್ತಾರೆ. ಮಾರೋರ ಮನೆಯವರೇ ಯಾರೋ ಆಫೀಸಲ್ಲಿ ಬಾಯಿಬಿಟ್ಟು ಒಪ್ಕೊಂಡ್ರಂತೆ.”

“ಅಯ್ಯೋ, ಅದು ಅವಳ ಕೋಳಿಕಾಲು ಕಣಮ್ಮ! ಬೇರೆ ಗಿಡ!”

“ಬೇರೆ ಎಲ್ಲಿಂದ ಬಂತು?” ಇಸ್ತ್ರಿಯವನ ಹೆಂಡತಿಗೆ ನಿಜವಾಗಿಯೂ ಆಶ್ಚರ್ಯ. “ಕೋಳಿಕಾಲು ಅಂದ್ರೆ ಒಂದೇ ಅಂತ ನೀವೇ ಅಲ್ವಾ ಯಾವಾಗ್ಲೂ ಬಾಯಿ ಬಡ್ಕೋತಿದ್ದಿದ್ದು?”

ಹಿರೀಸೊಸೆಗೆ ಭೂಮಿ ಬಾಯಿಬಿಟ್ಟಂತಾಯಿತು ಅಂತ ಹೇಳಿದರೆ ಸುಳ್ಳು. ಅವಳಿಗೆ ಬಂದದ್ದು ಸಿಟ್ಟು. ಎಂಥ ಜನ ಇವರು! ಒಂದು ಸುಳ್ಳು ಹೇಳಿದರೆ ಅದನ್ನೂ ನೆಟ್ಟಗೆ ನೆನಪಿಟ್ಟುಕೊಳ್ಳುವ ಯೋಗ್ಯತೆಯಿಲ್ಲ. ಯಾರ ಮೇಲೆ ಹೇಳಿದ್ದು, ಯಾವ ಎಲೆಯ ಮೇಲೆ ಹೇಳಿದ್ದು ಎಂಬುದನ್ನೆಲ್ಲ ಉದುರಿಸಿ, ಹೆಸರೊಂದನ್ನೇ ಕಚ್ಚಿಕೊಂಡು ಮನೆಮನೆಗೆ ಹೊತ್ತೊಯ್ದಿದ್ದರು, ಅವಿವೇಕಿಗಳು!

ಮಾರನೆಯ ದಿನದಿಂದ ಎಲೆ ಎತ್ತಿ ಹಿಡಿದು ಕೂಗತೊಡಗಿದಳು. ಮೂರು ಬೆರಳು ನೋಡಿ, ಇದು ದಿಬ್ಬದ ಗಿಡ, ಅದು ನೀರಿನ ಬಳ್ಳಿ, ಅದಕ್ಕೂ ಇದಕ್ಕೂ ಸಂಬಂಧವಿಲ್ಲ. ಜನ ನಿಂತು ಕೇಳಿದರು. ‘ಏನೋ ಇದೆ, ಅದಕ್ಕೇ ಇಷ್ಟು ಅರಚ್ತಾಳೆ’ ಅಂದುಕೊಂಡು ಹೋದರು. ಹಸಿ ಸೊಪ್ಪನ್ನು ಹಿಡಿ ಹಿಡಿಯಾಗಿ ಬಾಯಿಗೆ ತುರುಕಿಕೊಂಡು ತೋರಿಸಿದಳು. “ಇವಳಿಗೇನು, ಕಲ್ಲು ತಿಂದ್ರೂ ಅರಗುತ್ತೆ” ಅಂದ ಅಣಬೆಯವನು, ಅವಳಿಗೆ ಕೇಳಿಸುವ ಹಾಗೆಯೇ.

ಮೇಲ್ವಿಚಾರಕ ಬಂದು ಬಾಡಿದ ಕಟ್ಟುಗಳನ್ನು ನೋಡಿದ. “ಕಟ್ಟೆ ಭಣಭಣ ಅಂತಿದೆ. ಈ ವಾರವೂ ಹೀಗೇ ಆದ್ರೆ ಇದನ್ನ ಅಣಬೆಯವನಿಗೆ ಸೇರಿಸಿಬಿಡ್ತೀನಿ. ಅವನು ಕೇಳ್ತಿದಾನೆ.”

ಆಗ ಹಿರೀಸೊಸೆಗೆ ಹೆದರಿಕೆಯಾಯಿತು. ಆ ಕಟ್ಟೆ ಹೋದರೆ ಕೋಣೆ ಹೋಯಿತು, ಕೋಣೆ ಹೋದರೆ ಬೀದಿ. ಈ ಗಾಳಿಮಾತನ್ನು ನಿಲ್ಲಿಸಬಲ್ಲವಳು ಒಬ್ಬಳೇ. ಆ ಸೊಪ್ಪು ಮಾರಿದವಳೇ ಬಂದು, ಯಾರಿಗೂ ಏನೂ ಆಗಿಲ್ಲ ಅನ್ನಬೇಕು. ಸಂಜೆ ಬುಟ್ಟಿಯನ್ನು ದರ್ಜಿಯ ಹತ್ತಿರ ಬಿಟ್ಟು, ಕಷಾಯ ಕುಡಿದವಳ ಮುಖ ಮಾಡಿಕೊಂಡು ಮೈದುನನ ಮನೆಗೆ ಹೋದಳು.

ಡಿಪೋದ ಹಿಂದೆ, ಮಹಡಿಯ ಮೇಲಿನ ಎರಡು ಕೋಣೆ. ಮೆಟ್ಟಿಲಿಗೆಲ್ಲ ಗ್ರೀಸಿನ ವಾಸನೆ. ಮೈದುನ ಬನಿಯನ್ನಿನಲ್ಲಿ ಊಟಕ್ಕೆ ಕೂತಿದ್ದವನು ಅತ್ತಿಗೆಯನ್ನು ಕಂಡು ತಟ್ಟೆ ಹಿಡಿದುಕೊಂಡೇ ಒಳಕೋಣೆಗೆ ಹೋಗಿಬಿಟ್ಟ. ಮೊದಲಿನಿಂದಲೂ ಹಾಗೇ, ಹೆಂಗಸರ ಮಾತು ಶುರುವಾಗುವ ಮುಂಚೆ ಜಾಗ ಖಾಲಿ ಮಾಡುವ ಗಂಡಸು. ಕಿರಿಯಳು ಬನ್ನಿ ಅಂದಳು, ಕೂತ್ಕೊಳ್ಳಿ ಅಂದಳು, ಕೇಳದೆಯೇ ತಟ್ಟೆ ಇಟ್ಟು ಬಡಿಸಿದಳು. ಬೇಳೆಯ ಜೊತೆ ಬೇಯಿಸಿದ ಅವಳದೇ ಸೊಪ್ಪು.

ಕೆಲಸ ಆಗಬೇಕಿತ್ತು, ಆದ್ದರಿಂದ ಹಿರಿಯಳು ಉಂಡಳು. ಹುಳಿ ನಾಲಿಗೆಯ ಅಂಚಿಗೆ ಹತ್ತಿ ಬಾಯೆಲ್ಲ ನೀರೂರಿತು. ರುಚಿಯಾಗಿತ್ತು. ಹಾಳಾದ್ದು, ತುಂಬಾ ರುಚಿಯಾಗಿತ್ತು. ಅದಕ್ಕೂ ಅವಳಿಗೆ ಸಿಟ್ಟೇ ಬಂತು.

“ನೀನೀಗ ಎಲ್ಲಿ ಮಾರ್ತಿದೀಯ?” ಅಂತ ಕೇಳಿದಳು.

“ಡಿಪೋ ಗೇಟಿನ ಒಳಗಡೆ ಕೂರ್ತೀನಿ. ಡ್ಯೂಟಿ ಮುಗಿಸಿ ಹೋಗೋರು ತಗೊಂಡು ಹೋಗ್ತಾರೆ. ಹೊಟ್ಟೆನೋವಿನ ಕಥೆ ಅಲ್ಲಿಗೂ ಬಂತು. ಅದಕ್ಕೆ ಕೆರೆಸೊಪ್ಪು ಅಂತೀನಿ ಈಗ.”

“ಕೆರೆಸೊಪ್ಪಾ? ಹೆಸರೇ ಬಿಟ್ಬಿಟ್ಯಾ?”

“ಹೆಸರನ್ನ ಬೇಯಿಸ್ಕೊಂಡು ತಿಂತಾರಾ ಅಕ್ಕ?”

ಇಷ್ಟು ವರ್ಷ ಯಾವ ಹೆಸರಿಗಾಗಿ ಹಿರಿಯಳು ಗಂಟಲು ಹರಿದುಕೊಂಡಿದ್ದಳೋ ಅದನ್ನು ಇವಳು ಸವೆದ ಚಪ್ಪಲಿಯ ಹಾಗೆ ಬಾಗಿಲಲ್ಲೇ ಬಿಟ್ಟು ಬಂದಿದ್ದಳು. ಹಿರಿಯಳು ನೀರು ಕುಡಿದು ವಿಷಯಕ್ಕೆ ಬಂದಳು.

“ನಾಳೆ ಮಾರ್ಕೆಟ್ಟಿಗೆ ಬಾ. ನಿನ್ನ ಸೊಪ್ಪು ತಿಂದು ಯಾರಿಗೂ ಏನೂ ಆಗಿಲ್ಲ ಅಂತ ನಾಲ್ಕು ಜನರ ಮುಂದೆ ಒಂದು ಮಾತು ಹೇಳ್ಬಿಡು. ನಿನಗೂ ಒಳ್ಳೇದು.”

“ನನಗೇನು? ನನ್ನದು ಖರ್ಚಾಗ್ತಿದೆ.”

“ಹಾಗಾದ್ರೆ...” ‘ನನಗೋಸ್ಕರ’ ಅನ್ನುವುದು ಬಾಯಿಗೆ ಬರಲೇ ಇಲ್ಲ. “ಮನೆತನದ ಮರ್ಯಾದೆಗೋಸ್ಕರ ಬಾ.”

“ಹೇಳ್ದೋರು ನೀವು. ವಾಪಸ್ ತಗೊಳ್ಳೋದೂ ನೀವೇ ತಗೊಳ್ಳಿ.”

“ಓಹೋ! ಸೇಡು ತೀರಿಸ್ಕೋತಿದೀಯ. ಇಷ್ಟು ವರ್ಷ ಒಳಗೊಳಗೇ ಕುದೀತಿದ್ದೆ, ಇವತ್ತು ಸಮಯ ಸಿಕ್ತು.”

ಕಿರಿಯಳು ನಕ್ಕಳು. ಜೋರಾಗಿಯಲ್ಲ, ವ್ಯಂಗ್ಯವಾಗಿಯೂ ಅಲ್ಲ. “ಸೇಡಾ? ನಿಮ್ಮ ಮೇಲೆ ಕೋಪ ಇದ್ರೆ ತಾನೇ ಸೇಡು. ಕೋಪ ಮಾಡ್ಕೊಳ್ಳೋಕೆ ಆ ಮನುಷ್ಯರು ನಮ್ಮ ಲೆಕ್ಕದಲ್ಲಾದ್ರೂ ಇರಬೇಕು ಅಕ್ಕ. ನೀವು ಯಾವತ್ತೂ ಇರ್ಲಿಲ್ಲ. ಮದುವೆಯಾಗಿ ಬಂದ ವಾರದಲ್ಲೇ ನೋಡ್ದೆ, ಓ, ಈಯಮ್ಮ ಇಷ್ಟೇ ಅಂದ್ಕೊಂಡೆ, ನನ್ನ ಕೆಲಸ ನಾನು ನೋಡ್ಕೊಂಡೆ. ಇನ್ನೊಂದು ಸ್ವಲ್ಪ ಬಡಿಸ್ಲಾ?”

ತನ್ನ ಒಂದೊಂದು ಚುಚ್ಚುಮಾತೂ ಈ ಹೆಂಗಸಿನ ಎದೆಗೆ ನಾಟಿದೆ, ರಾತ್ರಿ ನಿದ್ದೆಗೆಡಿಸಿದೆ ಎಂದು ಹಿರಿಯಳು ನಂಬಿಕೊಂಡು ಬಂದಿದ್ದಳು. ಕೀಳು, ಕಳಪೆ, ದಡ್ಡಿ ಎಂದು ಯಾರನ್ನು ಮೂಗು ಮುರಿದು ನೋಡಿದ್ದಳೋ ಅವಳು, ಪಾಪ, ತಿರುಗಿ ನೋಡುವಷ್ಟು ಬೆಲೆಯನ್ನೂ ಕೊಟ್ಟಿರಲಿಲ್ಲ. ಕೈ ತೊಳೆದು, ಹೇಳದೆ ಕೇಳದೆ ಮೆಟ್ಟಿಲಿಳಿದಳು.

ಬೆಳಿಗ್ಗೆ ಜನ ಸೇರುವ ಹೊತ್ತಿಗೆ ಹಿರೀಸೊಸೆ ಕಟ್ಟೆಯ ಮೇಲೆ ಹತ್ತಿ ನಿಂತಳು. ಗಂಟಲು ಯಾವತ್ತಿನದೇ.

“ಕೇಳ್ರಪ್ಪೋ! ಕಿರೀಸೊಸೆ ಕೋಳಿಕಾಲು ತಿಂದು ಯಾರಿಗೂ ಹೊಟ್ಟೆನೋವು ಬಂದಿಲ್ಲ! ಬರೋದೂ ಇಲ್ಲ! ನಾನು ಹೇಳಿದ್ದು ಸುಳ್ಳು! ನಿನ್ನೆ ನಾನೇ ತಿಂದು ಬಂದಿದೀನಿ, ಏನೂ ಆಗಿಲ್ಲ!”

ಅಣಬೆಯವನು ಶಿಳ್ಳೆ ಹಾಕಿದ. ಜನ ನಕ್ಕರು, ಮೊಣಕೈಯಲ್ಲಿ ಒಬ್ಬರನ್ನೊಬ್ಬರು ತಿವಿದುಕೊಂಡರು. ಮೇಲ್ವಿಚಾರಕ ಸದ್ದು ಕೇಳಿ ಕಚೇರಿ ಬಾಗಿಲಿಗೆ ಬಂದು ನಿಂತ. ಹಿರೀಸೊಸೆ ಕೆಳಗಿಳಿದು, ಕಿವಿ ಸುಡುತ್ತಿದ್ದರೂ ಕಟ್ಟುಗಳ ಮೇಲೆ ನೀರು ಚಿಮುಕಿಸತೊಡಗಿದಳು.

ಜನ ಹತ್ತಿರ ಬಂದರು. ಎಲ್ಲರಿಗಿಂತ ಮುಂದೆ ದಪ್ಪ ಕನ್ನಡಕದ ಒಬ್ಬ ಹೆಂಗಸು. ಕಟ್ಟೊಂದನ್ನು ಎತ್ತಿ ಆ ಕಡೆ ಈ ಕಡೆ ತಿರುಗಿಸಿದಳು.

“ಅವರದ್ದು ಒಳ್ಳೇದು ಅಂತಾಯ್ತು. ಸುಳ್ಳು ಹೇಳ್ದೋರು ನೀವು ಅಂತಾಯ್ತು. ಇದು ಯಾರ ಕೋಳಿಕಾಲು? ಅವರದ್ದಾ, ನಿಮ್ಮದಾ?”

ಹಿರೀಸೊಸೆ ಅವಳ ಕೈಯಲ್ಲಿದ್ದ ಸೊಪ್ಪನ್ನು ನೋಡಿದಳು. ಪ್ರತಿ ಎಲೆಯಲ್ಲೂ ಮೂರು ಬೆರಳು ಅಚ್ಚುಹಾಕಿದಂತೆ ಎದ್ದು ಕಾಣುತ್ತಿದ್ದವು. ಕನ್ನಡಕದ ಹೆಂಗಸು ಎಲೆಯನ್ನು ನೋಡುತ್ತಿರಲಿಲ್ಲ, ಅವಳ ಬಾಯನ್ನು ನೋಡುತ್ತಿದ್ದಳು. ಹಿಂದೆ ನಿಂತವರೂ ಚೀಲ ಬಿಡಿಸಿಕೊಂಡು ಅದನ್ನೇ ನೋಡುತ್ತಿದ್ದರು.

“ಅವರದ್ದಾದ್ರೆ ಎರಡು ಕಟ್ಟು ಕೊಡಿ,” ಅಂದಳು ಹೆಂಗಸು. “ನಿಮ್ಮದಾದ್ರೆ ಬೇಡ.”

ಮೇಲ್ವಿಚಾರಕ ಬಾಗಿಲಲ್ಲೇ ನಿಂತಿದ್ದ. ಅಣಬೆಯವನು ಕತ್ತು ಉದ್ದ ಮಾಡಿದ್ದ.

“ಅವಳದ್ದು” ಅಂದಳು ಹಿರೀಸೊಸೆ.

“ಏನು? ಕೇಳಿಸ್ಲಿಲ್ಲ.”

“ಕಿರೀಸೊಸೆದು. ಕಿರೀಸೊಸೆ ಕೋಳಿಕಾಲು.”

“ಹಾಗೆ ಹೇಳಿ ಮತ್ತೆ!” ಅಂದಳು ಹೆಂಗಸು, ಚೀಲದ ಬಾಯಿ ಅಗಲ ಮಾಡುತ್ತಾ. ಹಿಂದಿನವರು ಮುಂದಕ್ಕೆ ನುಗ್ಗಿದರು. ಹಿರೀಸೊಸೆ ತಲೆ ತಗ್ಗಿಸಿ ತನ್ನ ದಿಬ್ಬದ ಸೊಪ್ಪನ್ನು ಕಟ್ಟಿ ಕಟ್ಟಿ ಕೊಟ್ಟಳು. ಕೇಳಿದವರಿಗೆಲ್ಲ ಅದೇ ಉತ್ತರ ಹೇಳಿದಳು, ಮಧ್ಯಾಹ್ನದೊಳಗೆ ಬುಟ್ಟಿ ಖಾಲಿಯಾಯಿತು.